ಜಿನೋವಾದ ಹಳೆಯ ಓಣಿಗಳಲ್ಲಿ ಸಸ್ಯಾಹಾರದ ನಡಿಗೆ: ಮಾರ್ಗದರ್ಶಿ ಬೇಕೇ, ನಾವೇ ಹೋಗಬಹುದೇ?

ತುಂಗಾತೀರ (ಮ್ಯೂನಿಕ್)

ಎಲ್ಲರಿಗೂ ನಮಸ್ಕಾರ. ಬರುವ ಅಕ್ಟೋಬರಿನಲ್ಲಿ ನನ್ನ ತಂದೆತಾಯಿ ಶಿವಮೊಗ್ಗದಿಂದ ಇಲ್ಲಿಗೆ ಬರುತ್ತಿದ್ದಾರೆ. ಅವರನ್ನು ಇಟಲಿಯ ಜಿನೋವಾಕ್ಕೆ ಕರೆದೊಯ್ಯಬೇಕೆಂಬುದು ನನ್ನ ಯೋಚನೆ. ರೋಮ್, ವೆನಿಸ್ ನಗರಗಳ ಜನಜಂಗುಳಿ ಅಪ್ಪನಿಗೆ ಒಗ್ಗುವುದಿಲ್ಲ. ಹಳೆಯ ಬಂದರು ಪಟ್ಟಣವೊಂದನ್ನು ಅವಸರವಿಲ್ಲದೆ ನಡೆದು ನೋಡುವ ಆಸೆ ಅವರದು. ತೊಡಕಿರುವುದು ಊಟದ ವಿಷಯದಲ್ಲಿ. ಇಬ್ಬರೂ ಮೀನು, ಮಾಂಸ, ಮೊಟ್ಟೆಗಳನ್ನು ಮುಟ್ಟುವುದಿಲ್ಲ. ಅಮ್ಮ ಈರುಳ್ಳಿ, ಬೆಳ್ಳುಳ್ಳಿಗಳನ್ನೂ ಬಿಟ್ಟಿದ್ದಾರೆ. ಊರಿನ ಇತಿಹಾಸವನ್ನು ಹೇಳುತ್ತಾ ಅಂಗಡಿಯಿಂದ ಅಂಗಡಿಗೆ ಕರೆದೊಯ್ದು ತಿನ್ನಿಸುವ ಮಾರ್ಗದರ್ಶಿಗಳು ಅಲ್ಲಿದ್ದಾರೆಂದು ಓದಿದ್ದೇನೆ. ಕೆಲವರು ಸಸ್ಯಾಹಾರಿಗಳಿಗೂ ವ್ಯವಸ್ಥೆ ಮಾಡುತ್ತೇವೆ ಎನ್ನುತ್ತಾರೆ. ಅಂತಹ ನಡಿಗೆಗೆ ಹಣ ಕೊಡುವುದು ಯೋಗ್ಯವೇ, ಅಥವಾ ನಾವೇ ದಾರಿ ಗೊತ್ತುಮಾಡಿಕೊಂಡು ಹೋಗಬಹುದೇ? ಬಲ್ಲವರು ವಿವರವಾಗಿ ತಿಳಿಸಬೇಕೆಂದು ಕೋರುತ್ತೇನೆ.

ಬಂದರಿನ ನೆರೆಯವ (ಜಿನೋವಾ)

ತುಂಗಾತೀರ ಅವರೇ, ನಾನು ಈ ಊರಿನಲ್ಲಿ ಬಹುಕಾಲದಿಂದ ಇರುವವನು. ನಿಮ್ಮ ಆಯ್ಕೆ ಒಳ್ಳೆಯದು. ಇಟಲಿಯ ಹೆಸರಾಂತ ನಗರಗಳ ಪೈಕಿ ಸಸ್ಯಾಹಾರಿಯು ಬೀದಿಯ ತಿನಿಸನ್ನೇ ನಂಬಿ ಒಂದು ದಿನ ಕಳೆಯಬಹುದಾದ ಊರು ಇದು. ಆದರೆ ಆ ತಿನಿಸು ಸಿಗುವುದು ಬಿಳಿ ಮೇಜುಬಟ್ಟೆ ಹಾಸಿದ ಹೋಟೆಲುಗಳಲ್ಲಲ್ಲ, ಕಟ್ಟಿಗೆಯ ಒಲೆಯಿರುವ ಸಣ್ಣ ಅಂಗಡಿಗಳಲ್ಲಿ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ.

ನಡಿಗೆಯನ್ನು ಬ್ರಿಞೋಲೆ ರೈಲು ನಿಲ್ದಾಣದ ಕಡೆಯಿಂದ, ಬೆಳಗಿನ ಹೊತ್ತಿನಲ್ಲಿ ಆರಂಭಿಸಿರಿ. ವಿಯಾ ವೆಂತಿ ಸೆತ್ತೆಂಬ್ರೆ ಎಂಬ ದೊಡ್ಡ ಬೀದಿಯಲ್ಲಿ 1899ರಲ್ಲಿ ತೆರೆದ ಮೆರ್ಕಾತೊ ಓರಿಯೆಂತಾಲೆ ಮಾರುಕಟ್ಟೆಯಿದೆ. ಹಿಂದೆ ಅದು ಅಗಸ್ಟೀನಿಯನ್ ಸಂನ್ಯಾಸಿಗಳ ಮಠದ ಅಂಗಳವಾಗಿತ್ತು. ಎಳೆಯ ತುಳಸಿಜಾತಿಯ ಬೆಸಿಲ್ ಗಿಡಗಳನ್ನು ಬೇರುಸಮೇತ ಕಟ್ಟು ಕಟ್ಟಿ ಮಾರುವುದನ್ನು ಅಲ್ಲಿ ಕಾಣುವಿರಿ. ನಗರದ ಪಶ್ಚಿಮಕ್ಕಿರುವ ಪ್ರಾ ಎಂಬ ಭಾಗದಲ್ಲಿ ಬೆಳೆಯುವ ಈ ಬೆಸಿಲ್‌ನ ಎಲೆ ಚಿಕ್ಕದು, ಮೃದುವಾದದ್ದು. ಪುದೀನದ ವಾಸನೆ ಬರುವಷ್ಟು ಬಲಿಯುವುದಕ್ಕೆ ಅದನ್ನು ಬಿಡುವುದಿಲ್ಲ. ಅಕ್ಟೋಬರಿನಲ್ಲಿ ಬಂದರೆ ಚೆಸ್ಟ್‌ನಟ್ ಕಾಯಿ, ಅಣಬೆ, ಒಣಗಿಸಿದ ಕಾಳುಗಳೂ ರಾಶಿ ಬಿದ್ದಿರುತ್ತವೆ. ಮಾರುಕಟ್ಟೆಯ ಆಸುಪಾಸಿನಲ್ಲೇ ಫೊಕಾಚ್ಚ ಬೇಯಿಸುವ ಬೇಕರಿಗಳಿವೆ. ಉಪ್ಪುನೀರು ಮತ್ತು ಆಲಿವ್ ಎಣ್ಣೆ ಸುರಿದು ಬೇಯಿಸಿದ ಈ ಚಪ್ಪಟೆ ಬ್ರೆಡ್ ಇಲ್ಲಿಯವರಿಗೆ ಬೆಳಗಿನ ತಿಂಡಿ; ಅದನ್ನು ಕಪೂಚಿನೊದಲ್ಲಿ ಅದ್ದಿ ತಿನ್ನುವವರೂ ಇದ್ದಾರೆ. ಅಮ್ಮನಿಗೆ ಈರುಳ್ಳಿ ಹಾಕದ ಸಾದಾ ಫೊಕಾಚ್ಚ ಕೇಳಿರಿ.

ಅಲ್ಲಿಂದ ಮುಂದೆ ಪೋರ್ತಾ ಸೊಪ್ರಾನಾ. ಚಕ್ರವರ್ತಿ ಫ್ರೆಡರಿಕ್ ಬಾರ್ಬರೋಸನ ದಾಳಿಗೆ ಹೆದರಿ 1155ರ ಸುಮಾರಿಗೆ ಎಬ್ಬಿಸಿದ ಕೋಟೆಯ ಹೆಬ್ಬಾಗಿಲು ಅದು. ಅದನ್ನು ದಾಟಿದರೆ ಕರುಜ್ಜಿ ಎಂದು ಇಲ್ಲಿಯವರು ಕರೆಯುವ ಓಣಿಗಳು ಆರಂಭವಾಗುತ್ತವೆ. ಎರಡೂ ಕೈ ಚಾಚಿದರೆ ಗೋಡೆ ಮುಟ್ಟುವಂತಹ ಓಣಿಗಳೂ ಇವೆ. ಆರೇಳು ಮಹಡಿಯ ಮನೆಗಳ ನಡುವೆ ಬಿಸಿಲು ನೆಲಕ್ಕೆ ಇಳಿಯುವುದೇ ಕಡಿಮೆ. ವಿಯಾ ಜುಸ್ತಿನಿಯಾನಿ, ವಿಯಾ ಸಾನ್ ಜೋರ್ಜೊಗಳ ಸುತ್ತಮುತ್ತ 'ಶಮಾದ್ದಾ' ಎಂಬ ಹಳೆಯ ಮಾದರಿಯ ಅಂಗಡಿಗಳು ಉಳಿದುಕೊಂಡಿವೆ. ನಿಮ್ಮ ನಡಿಗೆಯಲ್ಲಿ ಹೆಚ್ಚು ಹೊತ್ತು ಕಳೆಯಬೇಕಾದದ್ದು ಇಲ್ಲಿಯೇ.

ಇಲ್ಲಿ ಸಿಗುವ ಫರಿನಾತಾ ಎಂಬ ತಿನಿಸಿನ ಸಾದಾ ಬಗೆಯಲ್ಲಿ ಕಡಲೆಹಿಟ್ಟು, ನೀರು, ಆಲಿವ್ ಎಣ್ಣೆ, ಉಪ್ಪು ಇವಿಷ್ಟಲ್ಲದೆ ಬೇರೇನೂ ಇರುವುದಿಲ್ಲ. ಹಿಟ್ಟಿಗೆ ಸುಮಾರು ಮೂರು ಪಾಲು ನೀರು ಸೇರಿಸಿ, ಗಂಟೆಗಟ್ಟಲೆ ಹಾಗೆಯೇ ಬಿಟ್ಟು, ಮೇಲೆ ಬಂದ ನೊರೆಯನ್ನು ತೆಗೆದು, ಕಲಾಯಿ ಹಾಕಿದ ತಾಮ್ರದ ಅಗಲವಾದ ತಟ್ಟೆಗೆ ಎಣ್ಣೆಯೊಂದಿಗೆ ಸುರಿದು, ಧಗಧಗಿಸುವ ಕಟ್ಟಿಗೆಯ ಒಲೆಗೆ ತಳ್ಳುತ್ತಾರೆ. ಇದನ್ನು ಕಡಲೆಹಿಟ್ಟಿನ ದೋಸೆ ಎಂದು ನಮ್ಮವರು ಕರೆಯುವುದುಂಟು, ಆದರೆ ಕಾವಲಿಯ ಮೇಲೆ ತಳದಿಂದ ಬೇಯುವ ದೋಸೆಗೆ ಈ ಗುಣ ಬರುವುದಿಲ್ಲ. ಮೇಲಿನ ಬೆಂಕಿಯ ಝಳಕ್ಕೆ ಹೊರಪದರ ಗರಿಯಾಗಿ ಅಲ್ಲಲ್ಲಿ ಕಂದಿ, ಒಳಗೆ ಬೆಣ್ಣೆಯಷ್ಟು ಮೆತ್ತಗೆ ಉಳಿಯುವುದು ಇದರ ವಿಶೇಷ. ಒಲೆಯಿಂದ ಇಳಿದ ಕೂಡಲೇ, ಮೇಲೆ ಕರಿಮೆಣಸಿನ ಪುಡಿ ಉದುರಿಸಿಕೊಂಡು ತಿನ್ನಬೇಕು. ತಣ್ಣಗಾದ ಫರಿನಾತಾವನ್ನು ನಾನು ಯಾರಿಗೂ ಶಿಫಾರಸು ಮಾಡಲಾರೆ.

ಶಾಕವ್ರತಿ (ಲಂಡನ್)

ಹಿಂದಿನವರು ಬರೆದದ್ದು ಸರಿಯಾದರೂ, ಎಚ್ಚರಿಕೆಯ ಮಾತುಗಳು ಅದರಲ್ಲಿ ಕಡಿಮೆಯಾದವು. ಜಿನೋವಾ ಎಂದೊಡನೆ ಎಲ್ಲರೂ ಪೆಸ್ತೊ ಎಂಬ ಬೆಸಿಲ್ ಚಟ್ನಿ ತಿನ್ನಿ ಎನ್ನುತ್ತಾರೆ. ಬೆಸಿಲ್, ಪೈನ್ ಬೀಜ, ಬೆಳ್ಳುಳ್ಳಿ, ಉಪ್ಪು, ಆಲಿವ್ ಎಣ್ಣೆ, ಪಾರ್ಮಿಜಾನೊ ಮತ್ತು ಪೆಕೊರಿನೊ ಎಂಬ ಎರಡು ಬಗೆಯ ಗಿಣ್ಣು (ಚೀಸ್), ಹೀಗೆ ಏಳು ಪದಾರ್ಥಗಳು ಅದರಲ್ಲಿ ಸೇರುತ್ತವೆ. ಪಾರ್ಮಿಜಾನೊ ರೆಜಾನೊ ಎಂಬ ಹೆಸರಿನಲ್ಲಿ ಮಾರಾಟವಾಗಬೇಕಾದರೆ ಹಾಲನ್ನು ಕರುವಿನ ಜಠರದಿಂದ ತೆಗೆದ ರೆನೆಟ್‌ನಿಂದಲೇ ಒಡೆಸಬೇಕೆಂದು ಅದರ ನಿಯಮಾವಳಿಯಲ್ಲಿದೆ. ಪೆಸ್ತೊಗೆ ಬಳಸುವ ಸಾರ್ಡೀನಿಯಾದ ಪೆಕೊರಿನೊಗೆ ಕುರಿಮರಿ ಅಥವಾ ಆಡಿನಮರಿಯ ರೆನೆಟ್ ಹಾಕುತ್ತಾರೆ. ಇಟಲಿಯ ಬಹುಪಾಲು ಜನರ ಲೆಕ್ಕದಲ್ಲಿ ಇವೆಲ್ಲ ಸಸ್ಯಾಹಾರವೇ. ಆದ್ದರಿಂದ "ಇದು ಸಸ್ಯಾಹಾರವೇ" ಎಂದು ಕೇಳಿದರೆ ಅಂಗಡಿಯವರು ಪ್ರಾಮಾಣಿಕವಾಗಿಯೇ ಹೌದೆನ್ನುತ್ತಾರೆ. ನಮ್ಮ ಮನೆಗಳ ಹಿರಿಯರಿಗೆ ಆ ಉತ್ತರ ಸಾಲದು.

ಇನ್ನೊಂದು ತೊಡಕು ತರಕಾರಿಯ ಹೆಸರಿನಲ್ಲಿ ಬರುತ್ತದೆ. ಮಿನೆಸ್ತ್ರೋನೆ ಸಾರಿನಲ್ಲಿ ಪಾರ್ಮಿಜಾನೊ ಗಿಣ್ಣಿನ ಗಟ್ಟಿ ಸಿಪ್ಪೆಯನ್ನು ಕುದಿಸುವುದು ವಾಡಿಕೆ. ರಿಪಿಯೇನಿ ಎಂಬ ತುಂಬಿದ ತರಕಾರಿಯ ಹೂರಣದಲ್ಲಿ ಮಾಂಸ ಸೇರಿರಬಹುದು. ಸೊಪ್ಪಿನ ಹೂರಣದ ತೋರ್ತಾ ಪಾಸ್ಕ್ವಲೀನಾದಲ್ಲಿ ಇಡಿಯ ಮೊಟ್ಟೆಗಳೇ ಇರುತ್ತವೆ. 'ದಿ ಮಾಗ್ರೊ' ಎಂದು ಬರೆದಿದ್ದರೆ ಮಾಂಸವಿಲ್ಲವೆಂದು ತಿಳಿಯಬಹುದೇ ಹೊರತು ಮೀನಿಲ್ಲವೆಂದು ತಿಳಿಯಬಾರದು.

ಕಡಲದಾರಿ (ಮಂಗಳೂರು)

ಶಾಕವ್ರತಿಯವರ ಕೊನೆಯ ಮಾತಿನ ಹಿನ್ನೆಲೆಯನ್ನು ಸ್ವಲ್ಪ ವಿಸ್ತರಿಸಲು ಅನುಮತಿಯಿರಲಿ. ಕ್ಯಾಥೊಲಿಕ್ ಪದ್ಧತಿಯಲ್ಲಿ ಶುಕ್ರವಾರಗಳು, ಈಸ್ಟರ್ ಹಬ್ಬಕ್ಕೆ ಮುಂಚಿನ ನಲವತ್ತು ದಿನಗಳು ಮತ್ತು ಕೆಲವು ಹಬ್ಬಗಳ ಹಿಂದಿನ ದಿನಗಳು ಮಾಂಸವರ್ಜಿತ ದಿನಗಳಾಗಿದ್ದವು. ವರ್ಷದ ದೊಡ್ಡದೊಂದು ಭಾಗ ಹೀಗೆ ಕಳೆಯಬೇಕಾಗಿದ್ದುದರಿಂದ ಅಡುಗೆಯವರು ಮಾಂಸವಿಲ್ಲದ ಭಕ್ಷ್ಯಗಳನ್ನು ಬಗೆಬಗೆಯಾಗಿ ರೂಢಿಸಿಕೊಂಡರು. ಮೀನಿಗೆ ಮಾತ್ರ ಆ ದಿನಗಳಲ್ಲಿ ತಡೆಯಿರಲಿಲ್ಲ. ತರಕಾರಿ ಮತ್ತು ಮೀನುಗಳನ್ನು ಗೋಪುರದಂತೆ ಪೇರಿಸಿದ ಕಪ್ಪೋನ್ ಮಾಗ್ರೊ ಆ ದಿನಗಳ ಭಕ್ಷ್ಯಗಳಲ್ಲೇ ವೈಭವದ್ದು.

ಭೂಗೋಲದ ಕಾರಣವೂ ಇದೆ. ಲಿಗೂರಿಯಾ ಪ್ರಾಂತದಲ್ಲಿ ಬೆಟ್ಟಗಳು ನೇರವಾಗಿ ಸಮುದ್ರಕ್ಕೆ ಇಳಿಯುತ್ತವೆ. ದನಗಳು ಮೇಯುವ ಬಯಲು ಅಲ್ಲಿಲ್ಲವೆಂದರೂ ನಡೆದೀತು. ಕಲ್ಲಿನ ಗೋಡೆ ಕಟ್ಟಿ ಮಾಡಿದ ಮೆಟ್ಟಿಲು ಗದ್ದೆಗಳಲ್ಲಿ ಆಲಿವ್, ಸೊಪ್ಪು, ದ್ರಾಕ್ಷಿಗಳನ್ನು ಬೆಳೆದರು, ಕಾಡಿನಿಂದ ಚೆಸ್ಟ್‌ನಟ್ ತಂದರು, ಧಾನ್ಯಕ್ಕೂ ಕಾಳಿಗೂ ಬಂದರನ್ನು ನೆಚ್ಚಿಕೊಂಡರು. ಆದುದರಿಂದ ಬಡವರ ಬೀದಿಯ ಊಟ ಕಡಲೆಹಿಟ್ಟು ಮತ್ತು ಎಣ್ಣೆಯ ಮೇಲೆ ನಿಂತಿತು. 1284ರಲ್ಲಿ ಮೆಲೋರಿಯಾದ ಸಮುದ್ರಯುದ್ಧದಲ್ಲಿ ಪೀಸಾದವರನ್ನು ಸೋಲಿಸಿ ಮರಳುತ್ತಿದ್ದ ಜಿನೋವಾದ ಹಡಗುಗಳು ಬಿರುಗಾಳಿಗೆ ಸಿಕ್ಕಿದಾಗ, ಕಡಲೆಯ ಚೀಲಗಳೂ ಎಣ್ಣೆಯ ಪೀಪಾಯಿಗಳೂ ಒಡೆದು ಉಪ್ಪುನೀರಿನಲ್ಲಿ ಬೆರೆತು, ಬಿಸಿಲಿಗೆ ಒಣಗಿ ಫರಿನಾತಾ ಹುಟ್ಟಿತೆಂದು ಒಂದು ಕಥೆಯಿದೆ. ಯುದ್ಧ ನಡೆದದ್ದು ನಿಜ, ಜಿನೋವಾ ಗೆದ್ದದ್ದೂ ನಿಜ. ಉಳಿದುದನ್ನು ಮಾರ್ಗದರ್ಶಿಗಳು ಹೇಳುವಾಗ ಕಥೆಯೆಂದೇ ಕೇಳಿ ಆನಂದಿಸುವುದು ಲೇಸು. ಇದೇ ತಿನಿಸು ನೀಸ್ ನಗರದಲ್ಲಿ ಸೊಕ್ಕಾ ಆಗಿದೆ, ವಲಸೆ ಹೋದವರೊಡನೆ ಅರ್ಜೆಂಟೀನಾಕ್ಕೂ ಹೋಗಿ ಫೈನಾ ಎನಿಸಿಕೊಂಡಿದೆ.

ಫರಿನಾತಾದ ಮೇಲೆ ಉದುರಿಸುವ ಮೆಣಸಿನಲ್ಲಿ ನಮ್ಮ ಪಶ್ಚಿಮ ಕರಾವಳಿಯ ಪಾಲೂ ಇದೆ. ಮಧ್ಯಯುಗದಲ್ಲಿ ಈ ಕರಾವಳಿಯ ಮೆಣಸು ಅರಬರ ಹಡಗುಗಳಲ್ಲಿ ಹೋಗಿ, ಅಲೆಕ್ಸಾಂಡ್ರಿಯದಲ್ಲಿ ಜಿನೋವಾ ಮತ್ತು ವೆನಿಸ್‌ನ ವರ್ತಕರ ಕೈಸೇರುತ್ತಿತ್ತು. ವಾಸ್ಕೊ ಡ ಗಾಮ ಬರುವುದಕ್ಕೂ ಮೊದಲೇ, 1490ರ ದಶಕದಲ್ಲಿ, ಜೆರೋನಿಮೊ ದಿ ಸಾಂತೊ ಸ್ತೆಫಾನೊ ಎಂಬ ಜಿನೋವಾದ ವ್ಯಾಪಾರಿ ಕಲ್ಲಿಕೋಟೆಯವರೆಗೆ ಬಂದು ಹೋಗಿದ್ದನು. ನಿಮ್ಮ ತಂದೆಯವರಿಗೆ ಇತಿಹಾಸದಲ್ಲಿ ಆಸಕ್ತಿಯಿದ್ದರೆ ಬಂದರಿನ ಎದುರಿಗಿರುವ ಪಲಾತ್ಸೊ ಸಾನ್ ಜೋರ್ಜೊ ಕಟ್ಟಡವನ್ನು ತಪ್ಪದೆ ತೋರಿಸಿರಿ. 1260ರಲ್ಲಿ ಕಟ್ಟಿದ ಆ ಭವನವೇ ಮುಂದೆ, 1407ರಲ್ಲಿ ಸ್ಥಾಪನೆಯಾದ ಸಾನ್ ಜೋರ್ಜೊ ಬ್ಯಾಂಕಿನ ನೆಲೆಯಾಯಿತು. 1298ರ ಸುಮಾರಿಗೆ ಜಿನೋವಾದಲ್ಲಿ ಸೆರೆಯಾಳಾಗಿದ್ದ ಮಾರ್ಕೊ ಪೋಲೊನನ್ನು ಇಲ್ಲಿಯೇ ಇಟ್ಟಿದ್ದರೆಂಬ ಪ್ರತೀತಿಯಿದೆ.

ತುಂಗಾತೀರ (ಮ್ಯೂನಿಕ್)

ಮೂವರಿಗೂ ಕೃತಜ್ಞತೆಗಳು. ರೆನೆಟ್ ವಿಷಯವನ್ನು ಅಪ್ಪನಿಗೆ ತಿಳಿಸಿದೆ. ಗೊತ್ತಾದ ಮೇಲೆ ತಿನ್ನಲಾರೆ ಎಂದರು. ಹಾಗಾದರೆ ಜಿನೋವಾಕ್ಕೆ ಹೋಗಿಯೂ ಪೆಸ್ತೊ ರುಚಿ ನೋಡದೆ ಬರಬೇಕೇ? ಅಮ್ಮನಿಗೆ ಅದರಲ್ಲಿನ ಬೆಳ್ಳುಳ್ಳಿಯೂ ಆಗದು. ಮಾರ್ಗದರ್ಶಿಯ ಬಗ್ಗೆ ಕೇಳಿದ್ದಕ್ಕೆ ಇನ್ನೂ ಯಾರೂ ಉತ್ತರಿಸಿಲ್ಲ.

ಸಾಂಬ್ರಾಣಿ (ಟ್ಯೂರಿನ್)

ತುಂಗಾತೀರ ಅವರೇ, ನಾನು ಊರಿನಿಂದ ಬಂದ ಬಂಧುಗಳನ್ನು ಜಿನೋವಾಕ್ಕೆ ಕರೆದೊಯ್ಯುತ್ತಿರುತ್ತೇನೆ. ಮಾರ್ಗದರ್ಶಿಯೊಡನೆಯೂ ಹೋಗಿದ್ದೇನೆ, ನಾವಾಗಿಯೂ ಹೋಗಿದ್ದೇನೆ. ಹತ್ತಾರು ಜನರ ಗುಂಪಿನೊಡನೆ ಹೋಗುವ ಸಾಮಾನ್ಯ ನಡಿಗೆ ನಿಮಗೆ ಬೇಡ. ಅಂತಹವುಗಳಲ್ಲಿ ಕರಿದ ಆಂಚೊವಿ ಮೀನು, ಸಲಾಮಿಗಳೇ ಪ್ರಧಾನ. ನಾನು ಸೇರಿದ್ದ ಒಂದು ಗುಂಪಿನಲ್ಲಿ ಸಸ್ಯಾಹಾರಿಗಳ ಪಾಲಿಗೆ ಬಂದದ್ದು ಪ್ರತಿ ಅಂಗಡಿಯಲ್ಲೂ ಅದೇ ಫೊಕಾಚ್ಚ. ಆದರೆ ನಿಮ್ಮ ಕುಟುಂಬಕ್ಕಷ್ಟೇ ಮೀಸಲಾದ ಅರ್ಧ ದಿನದ ನಡಿಗೆಯನ್ನು ಗೊತ್ತುಮಾಡಿಕೊಂಡು, ಏನನ್ನು ತಿನ್ನುವುದಿಲ್ಲ ಎಂಬುದನ್ನು ಮುಂಚೆಯೇ ಬರೆದು ತಿಳಿಸಿದರೆ ಆ ಹಣ ವ್ಯರ್ಥವಾಗುವುದಿಲ್ಲ. ಅಂಗಡಿಯವರೊಡನೆ ಅವರದೇ ಮಾತಿನಲ್ಲಿ "ಈ ಎಣ್ಣೆಯಲ್ಲಿ ಇನ್ನೇನನ್ನು ಕರಿದಿರಿ" ಎಂದು ಕೇಳುವವರು ಜೊತೆಗಿರುವುದು ದೊಡ್ಡ ಅನುಕೂಲ.

ಬರೆಯುವಾಗ ಸಸ್ಯಾಹಾರಿ ಎಂಬ ಒಂದೇ ಪದಕ್ಕೆ ನಿಲ್ಲಿಸಬೇಡಿ. ಮಾಂಸ, ಮೀನು, ಮೊಟ್ಟೆ, ಮಾಂಸದ ಸಾರು, ಹಂದಿಯ ಕೊಬ್ಬು, ಪ್ರಾಣಿಜನ್ಯ ರೆನೆಟ್, ಈರುಳ್ಳಿ, ಬೆಳ್ಳುಳ್ಳಿ, ಹೀಗೆ ಬಿಡಿಬಿಡಿಯಾಗಿ ಹೆಸರಿಸಿರಿ. ಇಟಾಲಿಯನ್ ಭಾಷೆಯಲ್ಲಿ ರೆನೆಟ್‌ಗೆ ಕಾಲ್ಯೊ, ಹಂದಿಯ ಕೊಬ್ಬಿಗೆ ಸ್ತ್ರುತ್ತೊ, ಸಾರಿಗೆ ಬ್ರೋದೊ ಎನ್ನುತ್ತಾರೆ. ಗಿಣ್ಣಿನ ಪೊಟ್ಟಣದ ಮೇಲೆ ಕಾಲ್ಯೊ ವೆಜೆತಾಲೆ ಅಥವಾ ಮಿಕ್ರೋಬಿಕೊ ಎಂದಿದ್ದರೆ ತೆಗೆದುಕೊಳ್ಳಬಹುದು. ಬರಿಯ ಕಾಲ್ಯೊ ಎಂದಿದ್ದರೆ ಬಿಡುವುದು ಕ್ಷೇಮ. ಐರೋಪ್ಯ ಒಕ್ಕೂಟದ ಕಾನೂನಿನ ಪ್ರಕಾರ 2014ರ ಡಿಸೆಂಬರಿನಿಂದ, ಅಲರ್ಜಿ ತರುವ 14 ಪದಾರ್ಥಗಳ ವಿವರವನ್ನು ಹೋಟೆಲುಗಳೂ ಒದಗಿಸಬೇಕು. ಆ ಪಟ್ಟಿಯಲ್ಲಿ ಮೀನು, ಮೊಟ್ಟೆ, ಹಾಲು ಇರುವುದರಿಂದ ಅವನ್ನು ಕಾಗದದ ಮೇಲೆಯೇ ಪರಿಶೀಲಿಸಬಹುದು. ಮಾಂಸದ ಸಾರು, ಕೊಬ್ಬು, ರೆನೆಟ್, ಬೆಳ್ಳುಳ್ಳಿಗಳು ಅದರಲ್ಲಿ ಇಲ್ಲ. ಅವನ್ನು ಬಾಯಿಬಿಟ್ಟು ಕೇಳಿಯೇ ತಿಳಿಯಬೇಕು.

ಪೆಸ್ತೊ ಕುರಿತು ನಿರಾಶರಾಗಬೇಡಿ. ಅಮೃತಶಿಲೆಯ ಒರಳಿನಲ್ಲಿ ಮರದ ಕುಟ್ಟಾಣಿಯಿಂದ ಪೆಸ್ತೊ ಅರೆಯುವುದನ್ನು ಕಲಿಸುವ ಪಾಠಗಳು ಅಲ್ಲಿ ನಡೆಯುತ್ತವೆ. ಒರಳು ನಿಮ್ಮ ಮುಂದೆಯೇ ಇರುವಾಗ ಗಿಣ್ಣನ್ನೂ ಬೆಳ್ಳುಳ್ಳಿಯನ್ನೂ ಬಿಟ್ಟು ಬೆಸಿಲ್, ಪೈನ್ ಬೀಜ, ಕಲ್ಲುಪ್ಪು, ಎಣ್ಣೆಗಳಿಂದಲೇ ನಿಮಗೆ ಬೇಕಾದಂತೆ ಅರೆದುಕೊಳ್ಳಬಹುದು. ಅದು ಪೆಸ್ತೊವೇ ಅಲ್ಲವೆಂದು ಯಾರಾದರೂ ಮುಖ ಸಿಂಡರಿಸಿದರೆ, 1863ರಲ್ಲಿ ಅಚ್ಚಾದ ಜಿನೋವಾದ ಅಡುಗೆ ಪುಸ್ತಕವೊಂದರಲ್ಲಿ ಬೆಸಿಲ್ ಸಿಗದಿದ್ದರೆ ಮಾರ್ಜೊರಮ್ ಮತ್ತು ಪಾರ್ಸ್ಲಿ ಹಾಕಿರೆಂದೂ, ಪಾರ್ಮಿಜಾನೊ ಜೊತೆಗೆ ಹಾಲೆಂಡಿನ ಗಿಣ್ಣನ್ನು ತುರಿದು ಸೇರಿಸಿರೆಂದೂ ಬರೆದಿರುವುದನ್ನು ನೆನಪಿಸಿರಿ. ಇಂದಿನ ಕಟ್ಟುನಿಟ್ಟು ಆ ಪುಸ್ತಕದಲ್ಲಿಲ್ಲ. ಜೊತೆಗೆ ತಿನ್ನಲು ತ್ರೋಫಿಯೆ ಎಂಬ ಹೊಸೆದ ಪಾಸ್ತಾ ಕೇಳಿರಿ. ಸಾಂಪ್ರದಾಯಿಕವಾಗಿ ಅದು ಹಿಟ್ಟು ಮತ್ತು ನೀರಿನದು. ಮಂದಿಲ್ಲಿ ಎಂಬ ತೆಳುವಾದ ಹಾಳೆಯ ಪಾಸ್ತಾಕ್ಕೆ ಮೊಟ್ಟೆ ಹಾಕುತ್ತಾರೆ.

ಶಾಕವ್ರತಿ (ಲಂಡನ್)

ಸಾಂಬ್ರಾಣಿಯವರ ಸಲಹೆ ಉಪಯುಕ್ತವಾಗಿದೆ, ಆದರೆ ಹಣ ಕೊಟ್ಟು ಮಾರ್ಗದರ್ಶಿಯನ್ನು ಕರೆದೊಯ್ದರೂ ಶಮಾದ್ದಾಗಳಲ್ಲಿ ಮತ್ತು ಬಂದರಿನ ಮುಂದಿನ ಸೊತ್ತೊರೀಪಾ ಕಮಾನುಸಾಲಿನ ಅಂಗಡಿಗಳಲ್ಲಿ ಮೀನನ್ನು ಕರಿದ ಎಣ್ಣೆಗೇ ಪನಿಸ್ಸಾ ಬೀಳುವ ಸಾಧ್ಯತೆ ತಪ್ಪುವುದಿಲ್ಲ. ಪನಿಸ್ಸಾ ಎಂದರೆ ಕಡಲೆಹಿಟ್ಟನ್ನು ನೀರಿನಲ್ಲಿ ಗಟ್ಟಿಯಾಗಿ ಮಗುಚಿ, ಆರಿಸಿ, ಕತ್ತರಿಸಿ ಕರಿಯುವ ತಿನಿಸು. ಪದಾರ್ಥಗಳ ಪಟ್ಟಿ ನೋಡಿದರೆ ನಿರ್ದೋಷ. ಆದರೆ ಹಿರಿಯರನ್ನು ಕರೆದುಕೊಂಡು ಹೋಗುವಾಗ ಕರಿದದ್ದನ್ನು ಪೂರ್ಣವಾಗಿ ಬಿಟ್ಟುಬಿಡುವುದೇ ಒಳ್ಳೆಯದೆಂಬುದು ನನ್ನ ಖಚಿತ ಅಭಿಪ್ರಾಯ.

ಬಂದರಿನ ನೆರೆಯವ (ಜಿನೋವಾ)

ಪೂರ್ಣವಾಗಿ ಬಿಡಬೇಕಾಗಿಲ್ಲ, ಸ್ವಾಮಿ. ಪನಿಸ್ಸಾವನ್ನು ಕರಿಯದೆ, ಎಣ್ಣೆ ಮತ್ತು ನಿಂಬೆರಸ ಹಾಕಿ ಕೋಸಂಬರಿಯ ಹಾಗೆ ತಿನ್ನುವ ಪದ್ಧತಿಯೂ ಇಲ್ಲಿದೆ. ಹಿಂದಿನ ದಿನವೇ ಹೇಳಿಟ್ಟರೆ ಮಾಡಿಕೊಡುವವರಿದ್ದಾರೆ. ಸೊತ್ತೊರೀಪಾದ ವಿಷಯದಲ್ಲಿ ನಿಮ್ಮ ಮಾತು ಒಪ್ಪತಕ್ಕದ್ದು. 12ನೆಯ ಶತಮಾನದ ಆ ಕಮಾನುಗಳ ಕೆಳಗೆ ನಡೆದು ನೋಡಬೇಕು, ತಿನ್ನುವುದನ್ನು ಬೇರೆ ಕಡೆಗೆ ಉಳಿಸಿಕೊಳ್ಳಬೇಕು. ಫರಿನಾತಾದಲ್ಲಿಯೂ ಸಣ್ಣ ಮೀನಿನ ಮರಿಗಳನ್ನು ಹಾಕಿದ ಬಗೆಯೊಂದಿದೆ, ಈರುಳ್ಳಿಯದೂ ಇದೆ. ಅಮ್ಮನಿಗೆ ಸಾದಾ ಅಥವಾ ರೋಸ್‌ಮೆರಿ ಹಾಕಿದ್ದು ಸೂಕ್ತ.

ದಾರಿಯ ಉಳಿದ ಭಾಗವನ್ನೂ ಹೇಳಿ ಮುಗಿಸುತ್ತೇನೆ. ಮಧ್ಯಾಹ್ನದ ಫರಿನಾತಾ ಆದ ಮೇಲೆ ಕಪ್ಪು ಬಿಳುಪು ಪಟ್ಟೆಗಳ ಸಾನ್ ಲೊರೆನ್ಸೊ ಪ್ರಧಾನ ಚರ್ಚಿಗೆ ಹೋಗಿರಿ. 1941ರ ಫೆಬ್ರುವರಿಯಲ್ಲಿ ಬ್ರಿಟಿಷ್ ನೌಕಾಪಡೆ ಹಾರಿಸಿದ ಒಂದು ಗುಂಡು ಈ ಚರ್ಚಿನೊಳಗೆ ಬಿದ್ದೂ ಸಿಡಿಯದೆ ಉಳಿಯಿತು. ಅದನ್ನು ಅಲ್ಲಿಯೇ ಪ್ರದರ್ಶನಕ್ಕಿಟ್ಟಿದ್ದಾರೆ. ಅಲ್ಲಿಂದ ಸೊಜಿಲಿಯಾ ಕಡೆಗೆ ತಿರುಗಿದರೆ 1780ರಲ್ಲಿ ಆರಂಭವಾದ ರೊಮನೆಂಗೊ ಮಿಠಾಯಿ ಅಂಗಡಿ ಸಿಗುತ್ತದೆ. ಸಕ್ಕರೆ ಪಾಕದಲ್ಲಿ ದಿನಗಟ್ಟಲೆ ನೆನೆಸಿ ಇಂಗಿಸಿದ ಇಡಿಯ ಕಿತ್ತಳೆ, ಅಂಜೂರಗಳು, ಸಕ್ಕರೆ ಕವಚದ ಬಾದಾಮಿ, ಗುಲಾಬಿ ಎಸಳಿನ ಶರಬತ್ತು ಅಲ್ಲಿಯ ಹೆಗ್ಗಳಿಕೆ. ಬೆಲೆ ಹೆಚ್ಚೇ, ಆದರೂ ನಿಮ್ಮ ಅಮ್ಮ ನಿಶ್ಚಿಂತೆಯಿಂದ ರುಚಿ ನೋಡಬಹುದಾದದ್ದು ಅಲ್ಲಿ ಬೇಕಾದಷ್ಟಿದೆ. ಅದರ ಹಿಂದೆಯೇ ವಿಯಾ ಗರಿಬಾಲ್ದಿ. 16ನೆಯ ಶತಮಾನದ ಶ್ರೀಮಂತ ಸಾಹುಕಾರರ ಅರಮನೆಗಳ ಸಾಲು ಇದು. ಕರುಜ್ಜಿಗಳ ಕತ್ತಲೆಯಿಂದ ಹೊರಬಂದವರಿಗೆ ಈ ಬೀದಿ ಬೇರೆಯೇ ಊರೆನಿಸುತ್ತದೆ. 2006ರಲ್ಲಿ ಯುನೆಸ್ಕೊ ಇವುಗಳನ್ನು ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು.

ಓಣಿಗಳಲ್ಲಿ ಏರಿಳಿತ ಹೆಚ್ಚು, ನೆಲದ ಕಲ್ಲು ಮಳೆಗೆ ಜಾರುತ್ತದೆ. ಅಕ್ಟೋಬರಿನ ಮಳೆ ಇಲ್ಲಿ ಜೋರು. ಹಿರಿಯರಿಗೆ ಹಿಡಿತವಿರುವ ಪಾದರಕ್ಷೆ ಬೇಕೇ ಬೇಕು. ಮೇಲಿನಿಂದ ಊರು ನೋಡಲು ಮೆಟ್ಟಿಲು ಹತ್ತಬೇಕಾಗಿಲ್ಲ, ಪಿಯಾತ್ಸಾ ಪೊರ್ತೆಲ್ಲೊದಿಂದ ಕಸ್ತೆಲ್ಲೆತ್ತೊಗೆ ಸಾರ್ವಜನಿಕ ಲಿಫ್ಟ್ ಇದೆ. ವಿಳಾಸ ಹುಡುಕುವಾಗ ಒಂದು ಸಂಗತಿ ನೆನಪಿರಲಿ: ಈ ಊರಿನಲ್ಲಿ ಮನೆಗಳಿಗೆ ಕಪ್ಪು ಸಂಖ್ಯೆ, ಅಂಗಡಿಗಳಿಗೆ ಕೆಂಪು ಸಂಖ್ಯೆ. ಒಂದೇ ಬೀದಿಯಲ್ಲಿ ಕಪ್ಪು 16 ಒಂದು ಕಡೆ, ಕೆಂಪು 16 ಇನ್ನೊಂದು ಕಡೆ ಇರುತ್ತದೆ. ಅಂಗಡಿಯ ವಿಳಾಸದಲ್ಲಿ ಸಂಖ್ಯೆಯ ಮುಂದೆ ಕೆಂಪೆಂದು ಸೂಚಿಸುವ 'ಆರ್' ಅಕ್ಷರವನ್ನು ಗಮನಿಸದವರು ಯಾರದೋ ಮನೆಯ ಬಾಗಿಲಿಗೆ ಹೋಗಿ ನಿಲ್ಲುತ್ತಾರೆ. ಭಾನುವಾರ ಹಳೆಯ ಅಂಗಡಿಗಳು ಬಹಳಷ್ಟು ಮುಚ್ಚಿರುತ್ತವೆ, ವಾರದ ನಡುವಿನ ದಿನವನ್ನು ಇಟ್ಟುಕೊಳ್ಳಿರಿ.

ತುಂಗಾತೀರ (ಮ್ಯೂನಿಕ್)

ಇಷ್ಟು ವಿವರ ದೊರೆಯುವುದೆಂದು ನಾನು ಎಣಿಸಿರಲಿಲ್ಲ. ಬುಧವಾರದ ಬೆಳಿಗ್ಗೆ ಮಾರುಕಟ್ಟೆಯಿಂದ ಚರ್ಚಿನವರೆಗೆ ನಾವಾಗಿಯೇ ಹೋಗುವುದೆಂದೂ, ಮರುದಿನ ಕುಟುಂಬಕ್ಕಷ್ಟೇ ಮೀಸಲಾದ ಪೆಸ್ತೊ ಪಾಠವನ್ನು ಗೊತ್ತುಮಾಡುವುದೆಂದೂ ತೀರ್ಮಾನಿಸಿದ್ದೇವೆ. ಕೊನೆಯದಾಗಿ ಒಂದು ಪ್ರಶ್ನೆ. ಹತ್ತಿರದ ರೆಕ್ಕೊ ಊರಿನ ಗಿಣ್ಣು ತುಂಬಿದ ಫೊಕಾಚ್ಚ ಪ್ರಸಿದ್ಧವೆಂದು ಕೇಳಿದ್ದೇನೆ, ಅಷ್ಟು ದೂರ ಹೋಗಬಹುದೇ?

ಸಾಂಬ್ರಾಣಿ (ಟ್ಯೂರಿನ್)

ರೆಕ್ಕೊಗೆ ರೈಲಿನಲ್ಲಿ ಸುಲಭವಾಗಿ ಹೋಗಬಹುದು, ಆದರೆ ನಿಮ್ಮ ತಂದೆಯವರು ರೆನೆಟ್ ಬಿಟ್ಟಿರುವುದರಿಂದ ಹೋಗಿ ಪ್ರಯೋಜನವಿಲ್ಲ. ಹುಳಿ ಬರಿಸದ ಹಿಟ್ಟಿನ ಎರಡು ತೆಳ್ಳನೆಯ ಪದರಗಳ ನಡುವೆ ಹಸಿ ಗಿಣ್ಣನ್ನಿಟ್ಟು ಬೇಯಿಸುವ ತಿನಿಸು ಅದು. ಗಿಣ್ಣನ್ನು ತೆಗೆದರೆ ಉಳಿಯುವುದು ಏನೂ ಇಲ್ಲ. ಆ ಸಮಯವನ್ನು ಕಸ್ತಞಾಚ್ಚೊ ಹುಡುಕುವುದಕ್ಕೆ ಬಳಸಿರಿ. ಚೆಸ್ಟ್‌ನಟ್ ಹಿಟ್ಟು, ನೀರು, ಆಲಿವ್ ಎಣ್ಣೆ, ಪೈನ್ ಬೀಜ, ಒಣದ್ರಾಕ್ಷಿಗಳಿಂದ ಮಾಡುವ ಈ ಭಕ್ಷ್ಯ ಶರತ್ಕಾಲದಲ್ಲಿ ಬೇಕರಿಗಳಲ್ಲೂ ಫರಿನಾತಾ ಅಂಗಡಿಗಳಲ್ಲೂ ಸಿಗುತ್ತದೆ. ಮೊಟ್ಟೆಯಿಲ್ಲ, ಹಾಲಿಲ್ಲ, ಸಕ್ಕರೆಯೂ ಹೆಚ್ಚಾಗಿ ಇರುವುದಿಲ್ಲ, ಹಿಟ್ಟಿನದೇ ಸಿಹಿ. ನೋಡಲು ಕಪ್ಪಗೆ, ಬಿರುಕು ಬಿಟ್ಟಂತೆ ಇರುತ್ತದೆ, ಮೊದಲ ತುತ್ತು ಎಲ್ಲರಿಗೂ ಹಿಡಿಸದು. ಆದ್ದರಿಂದ ಮೊದಲು ಒಂದೇ ತುಂಡು ಕೊಂಡು ಹಂಚಿಕೊಳ್ಳಿರಿ.